ಗೇಟಿನಿಂದ ಹೊರಬಂದವರ ಚಿತ್ರ ಎಲ್ಲಿದೆ?

ರಾಜ್ಯ ಸರ್ಕಾರ 2025–26ರ ಬಜೆಟ್‌ನಲ್ಲಿ ಕನ್ನಡ ಸಿನಿಮಾದ ಕಡೆ ಧಾರಾಳವಾಗಿಯೇ ನೋಡಿದೆ. ಮೈಸೂರಿನಲ್ಲಿ 150 ಎಕರೆಯ ಚಿತ್ರನಗರಿ, ಸಿನಿಮಾಕ್ಕೆ ಉದ್ಯಮದ ಸ್ಥಾನಮಾನ, ಸರ್ಕಾರದ್ದೇ ಒಂದು ಒಟಿಟಿ. ಅದೇ ಪಟ್ಟಿಯಲ್ಲಿ ಇನ್ನೊಂದು ಸಣ್ಣ ಸಾಲೂ ಇತ್ತು. ನಾಡಿನ ಸಾಮಾಜಿಕ, ಐತಿಹಾಸಿಕ, ಸಾಂಸ್ಕೃತಿಕ ಹಿನ್ನೆಲೆಯ ಕನ್ನಡ ಚಲನಚಿತ್ರಗಳನ್ನು ಕಾಪಾಡಿಡಲು ಒಂದು ಭಂಡಾರ, ಅದಕ್ಕೆ 3 ಕೋಟಿ ರೂಪಾಯಿ.

ಒಳ್ಳೆಯ ಕೆಲಸವೇ. ಬೇಡ ಅನ್ನುವವರು ಯಾರೂ ಇಲ್ಲ. ನಮ್ಮ ತಕರಾರು ಇರುವುದು ‘ಚಲನಚಿತ್ರ’ ಎಂಬ ಆ ಒಂದು ಪದದ ಮೇಲೆ. ಚಲನಚಿತ್ರ ಅಂದರೆ ಚಲಿಸುವ ಚಿತ್ರ. ಆದರೆ ಸರ್ಕಾರಿ ಕಡತದಲ್ಲಿ ಆ ಪದಕ್ಕೆ ನಿರ್ಮಾಪಕ, ಸೆನ್ಸಾರ್ ಸರ್ಟಿಫಿಕೇಟು, ನಾಯಕ, ನಾಯಕಿ, ಬಿಡುಗಡೆ ದಿನಾಂಕ ಎಲ್ಲ ಬೇಕು. ಇವಿಲ್ಲದ ಚಲಿಸುವ ಚಿತ್ರಕ್ಕೆ ಆ ಭಂಡಾರದಲ್ಲಿ ಒಂದು ಶೆಲ್ಫಾದರೂ ಇದೆಯಾ? ಕೊಂಡಜ್ಜಿ, ಹರಿಹರ, ದಾವಣಗೆರೆ ಅಂತ ಕ್ಯಾಮೆರಾ ಹೆಗಲಿಗೆ ಹಾಕಿಕೊಂಡು ತಿರುಗುವ ನಮ್ಮ ಪ್ರಶ್ನೆ ಇಷ್ಟೇ. ಇಷ್ಟಕ್ಕೇ ಇಷ್ಟುದ್ದ ಬರೆಯಬೇಕಾ ಅನ್ನಬೇಡಿ. ಸಿನಿಮಾ ಹುಟ್ಟಿದ್ದೇ ಇವ್ಯಾವುವೂ ಇಲ್ಲದೆ.

1895ರಲ್ಲಿ ಫ್ರಾನ್ಸಿನ ಲಿಯಾನ್‌ನಲ್ಲಿ ಲೂಯಿ ಲುಮಿಯೇರ್ ತಮ್ಮ ಕಾರ್ಖಾನೆಯ ಗೇಟಿನೆದುರು ಕ್ಯಾಮೆರಾ ನಿಲ್ಲಿಸಿದ. ಫೋಟೊಗ್ರಫಿಯ ಪ್ಲೇಟು ತಯಾರಿಸುವ ಕಾರ್ಖಾನೆ ಅದು. ಗೇಟು ತೆರೆಯಿತು. ಕೆಲಸ ಮುಗಿಸಿದ ಹೆಂಗಸರು ಉದ್ದ ಲಂಗ, ಟೋಪಿ ಹಾಕಿಕೊಂಡು ಗುಂಪುಗುಂಪಾಗಿ ಹೊರಗೆ ಬಂದರು. ಗಂಡಸರು ಬಂದರು. ಯಾರೋ ಸೈಕಲ್ ಹತ್ತಿದರು, ಒಂದು ನಾಯಿ ಅಡ್ಡಾಡಿತು. ಒಂದು ನಿಮಿಷವೂ ಇಲ್ಲ, ಚಿತ್ರ ಮುಗಿಯಿತು. ಅದೇ ವರ್ಷ ಡಿಸೆಂಬರ್ 28ರಂದು ಪ್ಯಾರಿಸ್ಸಿನ ಗ್ರಾಂಡ್ ಕೆಫೆಯಲ್ಲಿ ಟಿಕೆಟ್ ಇಟ್ಟು ಹತ್ತು ಚಿತ್ರಗಳನ್ನು ತೋರಿಸಿದರು, ಮೊದಲನೆಯದು ಇದೇ. ಉಳಿದವುಗಳಲ್ಲಿ ಮಗುವಿಗೆ ಊಟ ಮಾಡಿಸುವುದೂ ಇತ್ತು, ಸಮುದ್ರಕ್ಕೆ ಹಾರುವ ಹುಡುಗರೂ ಇದ್ದರು. ಜನ ದುಡ್ಡು ಕೊಟ್ಟು ನೋಡಿದ್ದು ತಾವು ದಿನಾ ನೋಡುವುದನ್ನೇ.

ಆರು ತಿಂಗಳಲ್ಲಿ ಆ ಚಿತ್ರ ನಮ್ಮ ದೇಶಕ್ಕೂ ಬಂತು. 1896ರ ಜುಲೈ 7ರಂದು ಮುಂಬೈನ ವಾಟ್ಸನ್ ಹೋಟೆಲಿನಲ್ಲಿ ಒಂದು ರೂಪಾಯಿ ಟಿಕೆಟ್ಟಿಗೆ ತೋರಿಸಿದ ಪಟ್ಟಿಯಲ್ಲಿ ರೈಲು ಬರುವ ಚಿತ್ರದ ಜೊತೆ ಕಾರ್ಖಾನೆ ಬಿಡುವ ಚಿತ್ರವೂ ಇತ್ತು. ಅಂದರೆ ಭಾರತ ಮೊಟ್ಟಮೊದಲು ಪರದೆ ಮೇಲೆ ನೋಡಿದವರಲ್ಲಿ ಪಾಳಿ ಮುಗಿಸಿದ ಕಾರ್ಮಿಕ ಹೆಂಗಸರಿದ್ದರು. ಹರಿಶ್ಚಂದ್ರ, ತಾರಾಮತಿ ಬಂದಿದ್ದು ಹದಿನೇಳು ವರ್ಷ ಬಿಟ್ಟು.

ಲಿಯಾನ್‌ನಲ್ಲಿ ಆ ಗೇಟಿದ್ದ ಬೀದಿಗೆ ಇವತ್ತು ‘ಮೊದಲ ಚಿತ್ರದ ಬೀದಿ’ ಅಂತಲೇ ಹೆಸರು. ಕಾರ್ಖಾನೆಯ ಶೆಡ್ಡನ್ನು ಸ್ಮಾರಕವಾಗಿ ಉಳಿಸಿಕೊಂಡಿದ್ದಾರೆ.

ಈಗ ಹರಿಹರಕ್ಕೆ ಬನ್ನಿ. 1941ರಲ್ಲಿ ಶುರುವಾದ ಮೈಸೂರು ಕಿರ್ಲೋಸ್ಕರ್ ಕಾರ್ಖಾನೆಯ ಲೇತ್‌ಗಳು ದೇಶದ ತುಂಬ ಹೋದವು. ಅದರ ಕಾಲೊನಿಗೆ ಯಂತ್ರಪುರ ಅಂತಲೇ ಹೆಸರು ಬಂತು. ಸೈರನ್ ಆದರೆ ಸೈಕಲ್ಲುಗಳ ಹೊಳೆ ಗೇಟಿನಿಂದ ಹರಿಯುತ್ತಿತ್ತು ಅಂತ ನಮ್ಮ ಹಿರಿಯರು ಈಗಲೂ ಹೇಳುತ್ತಾರೆ. ಎರಡು ತಲೆಮಾರು ಆ ಗೇಟಿನಲ್ಲಿ ಒಳಹೊರಗೆ ಓಡಾಡಿತು, ಆಮೇಲೆ ಗೇಟು ಮುಚ್ಚಿತು. ದಾವಣಗೆರೆಯಲ್ಲೂ ಅದೇ ಕತೆ. ಕಾಟನ್ ಮಿಲ್ಲುಗಳಿಂದಾಗಿ ಊರಿಗೆ ‘ಕರ್ನಾಟಕದ ಮ್ಯಾಂಚೆಸ್ಟರ್’ ಅನ್ನುವ ಬಿರುದು. ಮಿಲ್ಲುಗಳು ಒಂದೊಂದಾಗಿ ನಿಂತವು, ಬಿರುದು ಮಾತ್ರ ಭಾಷಣಗಳಲ್ಲಿ ಇನ್ನೂ ಓಡುತ್ತಿದೆ. ಆ ಗೇಟುಗಳಿಂದ ಹೊರಬಂದವರ ಒಂದು ನಿಮಿಷದ ಚಲಿಸುವ ಚಿತ್ರ ನೋಡಬೇಕು ಅಂತ ಇವತ್ತು ಒಬ್ಬ ಹೈಸ್ಕೂಲ್ ಹುಡುಗಿ ಕೇಳಿದರೆ ಅವಳನ್ನು ಜಿಲ್ಲೆಯಲ್ಲಿ ಯಾವ ಕಚೇರಿಗೆ ಕಳಿಸೋಣ?

ಬಿರುದು ಎರವಲು ತಂದ ಆ ಮ್ಯಾಂಚೆಸ್ಟರ್ ಸೀಮೆಯಲ್ಲಿ ಏನಾಯಿತು ನೋಡಿ. ಅಲ್ಲಿಗೆ ಹತ್ತಿರದ ಬ್ಲ್ಯಾಕ್‌ಬರ್ನ್ ಎಂಬ ಮಿಲ್ಲಿನ ಊರಿನಲ್ಲಿ ಮಿಚೆಲ್ ಮತ್ತು ಕೆನ್ಯನ್ ಎಂಬಿಬ್ಬರ ಕಂಪನಿ ಇತ್ತು. 1900ರಿಂದ 1913ರವರೆಗೆ ಇವರ ಒಂದು ದೊಡ್ಡ ಕೆಲಸ ಅಂದರೆ ಮಿಲ್ ಗೇಟು, ಶಾಲೆ, ಮೆರವಣಿಗೆ, ಫುಟ್‌ಬಾಲ್ ಮೈದಾನ, ಟ್ರಾಮ್ ಓಡುವ ರಸ್ತೆಗಳಲ್ಲಿ ಕ್ಯಾಮೆರಾ ನಿಲ್ಲಿಸುವುದು. ಜಾತ್ರೆಗಳಲ್ಲಿ ಟೆಂಟು ಹಾಕಿ ಚಿತ್ರ ತೋರಿಸುವವರು ಇವರಿಗೆ ಆರ್ಡರ್ ಕೊಡುತ್ತಿದ್ದರು. ಬೆಳಿಗ್ಗೆ ಗೇಟಿನಲ್ಲಿ ತೆಗೆದದ್ದನ್ನು ಅದೇ ಜನಕ್ಕೆ ಟೆಂಟಿನಲ್ಲಿ ತೋರಿಸುವುದು, ‘ಬನ್ನಿ, ನಿಮ್ಮನ್ನು ನೀವೇ ನೋಡಿಕೊಳ್ಳಿ’ ಅಂತ ಕರೆಯುವುದು. ಇದು ಶುದ್ಧ ವ್ಯಾಪಾರ. ಹೆಚ್ಚು ಮುಖ ಸಿಕ್ಕಷ್ಟೂ ಹೆಚ್ಚು ಟಿಕೆಟ್ಟು. ಇತಿಹಾಸಕ್ಕಾಗಿ ತೆಗೆಯುತ್ತಿದ್ದೇವೆ ಅಂತ ಅವರು ಹೇಳಿಕೊಂಡವರಲ್ಲ.

ವ್ಯಾಪಾರ ಮುಗಿದ ಮೇಲೆ ಆ ರೀಲುಗಳು ಲೋಹದ ಡಬ್ಬಿಗಳಲ್ಲಿ ಅಂಗಡಿಯ ನೆಲಮಾಳಿಗೆ ಸೇರಿದವು. 1994ರಲ್ಲಿ ಆ ಅಂಗಡಿಯಲ್ಲಿ ಕೆಲಸ ಮಾಡುತ್ತಿದ್ದವರ ಕಣ್ಣಿಗೆ ಬಿದ್ದವು. ಸುಮಾರು 800 ಚಿತ್ರಗಳು. ಊರಿನ ಒಬ್ಬ ಸಿನಿಮಾ ಹುಚ್ಚಿನ ಮನುಷ್ಯ ಅವುಗಳನ್ನು ಜೋಪಾನ ಮಾಡಿದ. ಆಮೇಲೆ ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟ್ ಅವನ್ನು ತೆಗೆದುಕೊಂಡು ಸರಿಪಡಿಸಿತು. ಶೆಫೀಲ್ಡ್ ವಿಶ್ವವಿದ್ಯಾಲಯದವರು ಕೂತು ಯಾವ ಊರು, ಯಾವ ಗೇಟು, ಯಾವ ಹಬ್ಬ ಅಂತ ಒಂದೊಂದಾಗಿ ಗುರುತಿಸಿದರು. 2005ರಲ್ಲಿ ಬಿಬಿಸಿ ಅದನ್ನು ಪ್ರಸಾರ ಮಾಡಿತು. ನೂರು ವರ್ಷದ ಹಿಂದಿನ ಮಿಲ್ ಹುಡುಗರು ಕ್ಯಾಮೆರಾ ನೋಡಿ ಹಲ್ಲು ಕಿರಿಯುವುದನ್ನು ಅವರ ಮರಿಮಕ್ಕಳು ಮನೆಯಲ್ಲಿ ಕೂತು ನೋಡಿದರು. ಎಷ್ಟು ಚಿಕ್ಕ ಮಕ್ಕಳು ಮಿಲ್ಲಿಗೆ ಹೋಗುತ್ತಿದ್ದರು, ಹೆಂಗಸರ ತಲೆಯ ಮೇಲೆ ಎಂಥ ಶಾಲು ಇತ್ತು, ಯಾರ ಕಾಲಲ್ಲಿ ಎಂಥ ಮೆಟ್ಟಿತ್ತು ಅನ್ನುವುದಕ್ಕೆ ಅದೇ ಈಗ ಸಾಕ್ಷಿ. ಅಸಲಿ ಮ್ಯಾಂಚೆಸ್ಟರ್ ಸೀಮೆಯ ಕೂಲಿಕಾರರಿಗೆ ಮುಖ ಇದೆ. ಕರ್ನಾಟಕದ ಮ್ಯಾಂಚೆಸ್ಟರ್‌ನವರಿಗೆ ಪಿ.ಎಫ್. ನಂಬರ್ ಇದೆ.

‘ಅದು ಶ್ರೀಮಂತ ದೇಶ ಮಾರಾಯ್ರೆ, ನಮ್ಮಲ್ಲಿ ಆಗ ಕ್ಯಾಮೆರಾ ಎಲ್ಲಿತ್ತು’ ಅನ್ನುವವರಿದ್ದಾರೆ. ಇತ್ತು. ಹರಿಶ್ಚಂದ್ರ ಸಖಾರಾಮ್ ಭಾಟವಡೇಕರ್, ಸಾವೆ ದಾದಾ ಅಂತ ಕರೆಯುತ್ತಿದ್ದರು, 1899ರಲ್ಲೇ ಮುಂಬೈನ ಹ್ಯಾಂಗಿಂಗ್ ಗಾರ್ಡನ್‌ನಲ್ಲಿ ಒಂದು ಕುಸ್ತಿಯನ್ನು ಚಿತ್ರಿಸಿದರು. ಭಾರತೀಯನೊಬ್ಬ ತೆಗೆದ ಮೊದಲ ಚಿತ್ರಗಳಲ್ಲಿ ಅದು ಒಂದು. ದೇವರಲ್ಲ, ರಾಜನಲ್ಲ, ಅಖಾಡದಲ್ಲಿ ಇಬ್ಬರು ಪೈಲ್ವಾನರು. ನಮ್ಮ ದುರ್ಗಾಂಬಿಕಾ ಜಾತ್ರೆಯ ಕುಸ್ತಿ ನೋಡಿದವರಿಗೆ ಅದು ಎಂಥ ದೃಶ್ಯ ಅಂತ ವಿವರಿಸಬೇಕಿಲ್ಲ. ಫಾಲ್ಕೆಯವರೂ ‘ರಾಜಾ ಹರಿಶ್ಚಂದ್ರ’ಕ್ಕೆ ಮೊದಲು, 1912ರಲ್ಲಿ, ಕುಂಡದಲ್ಲಿ ಬಟಾಣಿ ಗಿಡ ಬೆಳೆಯುವುದನ್ನು ಚಿತ್ರಿಸಿ, ಅದನ್ನು ತೋರಿಸಿಯೇ ಬಂಡವಾಳ ಹುಡುಕಿದರು. ಕನ್ನಡದಲ್ಲಿ ಶಿವರಾಮ ಕಾರಂತರು 1930ರ ಆಸುಪಾಸಿನಲ್ಲಿ ‘ಡೊಮಿಂಗೊ’, ‘ಭೂತರಾಜ್ಯ’ ಎಂಬ ಮೂಕಿ ಚಿತ್ರಗಳನ್ನು ಮಾಡಿದ್ದರು.

ನಮಗೆ ಇಲ್ಲದೇ ಹೋದದ್ದು ಇಟ್ಟುಕೊಳ್ಳುವ ಬುದ್ಧಿ. ಸಾವೆ ದಾದಾರ ಕುಸ್ತಿ ಇವತ್ತು ಇಲ್ಲ. ಕಾರಂತರ ಚಿತ್ರಗಳು ನೋಡಲು ಸಿಗುವುದಿಲ್ಲ. ಕಲ್ಕತ್ತೆಯ ಹೀರಾಲಾಲ್ ಸೇನ್ ತೆಗೆದದ್ದೆಲ್ಲ 1917ರ ಬೆಂಕಿಯಲ್ಲಿ ಹೋಯಿತು. ಭಾರತದಲ್ಲಿ ತಯಾರಾದ ಮೂಕಿ ಚಿತ್ರಗಳು ಸುಮಾರು 1,300. ಉಳಿದಿರುವುದು, ಅದೂ ಎಷ್ಟೋ ಅರೆಬರೆ ತುಂಡುಗಳಾಗಿ, ಮೂವತ್ತರ ಆಸುಪಾಸು. ಆಗಿನ ನೈಟ್ರೇಟ್ ಫಿಲ್ಮು ಬೆಂಕಿ ಕಂಡರೆ ಸಾಕು ಹತ್ತಿಕೊಳ್ಳುವಂಥದ್ದು. ಸುಡದೆ ಉಳಿದ ಎಷ್ಟೋ ರೀಲುಗಳನ್ನು ಅದರಲ್ಲಿನ ಬೆಳ್ಳಿಗಾಗಿ ಗುಜರಿಯವರಿಗೆ ಮಾರಿದರು. ಪುಣೆಯಲ್ಲಿ 1964ರಲ್ಲಿ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯ ಶುರುವಾಗಿ, ಪಿ.ಕೆ. ನಾಯರ್ ಎಂಬ ಒಬ್ಬ ಮನುಷ್ಯ ಊರೂರು ಅಲೆದು ಡಬ್ಬಿ ಹುಡುಕದೇ ಹೋಗಿದ್ದರೆ ಇಷ್ಟೂ ಇರುತ್ತಿರಲಿಲ್ಲ.

ಇಲ್ಲಿ ಒಂದು ವ್ಯತ್ಯಾಸ ಗಮನಿಸಿ, ನಮ್ಮ ವಾದದ ಬುಡವೇ ಅದು. ಮೊದಲ ಕನ್ನಡ ವಾಕ್ಚಿತ್ರ ‘ಸತಿ ಸುಲೋಚನ’ದ ಪ್ರಿಂಟ್ ಕೂಡ ಇಲ್ಲ. ಆದರೂ ಅದು 1934ರ ಮಾರ್ಚ್ 3ರಂದು ಬಿಡುಗಡೆಯಾಯಿತು, ವೈ.ವಿ. ರಾವ್ ನಿರ್ದೇಶಿಸಿದರು, ಸುಬ್ಬಯ್ಯ ನಾಯ್ಡು, ತ್ರಿಪುರಾಂಬ ನಟಿಸಿದರು ಅಂತ ನಮಗೆ ಗೊತ್ತು. ಜಾಹೀರಾತು, ಪೋಸ್ಟರ್, ನಟರ ನೆನಪು, ಪತ್ರಿಕೆಯ ವಿಮರ್ಶೆ ಎಲ್ಲ ಸೇರಿ ಆ ಸಿನಿಮಾದ ನೆರಳನ್ನಾದರೂ ಉಳಿಸಿವೆ. ಸಿನಿಮಾ ಸತ್ತರೂ ಅದಕ್ಕೆ ತಿಥಿ ಮಾಡುವವರಿರುತ್ತಾರೆ. ಒಂದು ಕಣದಲ್ಲಿ ರಾಗಿ ತೂರುವ ಅರ್ಧ ನಿಮಿಷದ ರೀಲು ಹಾಳಾದರೆ? ಅದಕ್ಕೆ ಪೋಸ್ಟರ್ ಇರಲಿಲ್ಲ, ವಿಮರ್ಶೆ ಇರಲಿಲ್ಲ. ಅದು ಇತ್ತು ಅನ್ನುವುದೇ ಯಾರಿಗೂ ಗೊತ್ತಾಗುವುದಿಲ್ಲ. ಹಾಗಾಗಿ ದಿನನಿತ್ಯದ ಬದುಕಿನ ಚಿತ್ರಕ್ಕೆ ಸ್ಟಾರ್ ಸಿನಿಮಾಕ್ಕಿಂತ ಒಂದು ಕೈ ಹೆಚ್ಚಿನ ಕಾವಲು ಬೇಕು. ನಾವು ಮಾಡುತ್ತಿರುವುದು ಇದರ ಉಲ್ಟಾ.

ಉಳಿದರೆ ಸಾಕಾ? ಸಾಲದು. ಭಾರತದಲ್ಲಿ ಚಿತ್ರಿಸಿದ, ಇವತ್ತಿಗೂ ಉಳಿದಿರುವ ಅತಿ ಹಳೆಯ ಚಿತ್ರಗಳಲ್ಲಿ ಒಂದು 1899ರದು. ನದಿಯ ಮೇಲೆ ದೋಣಿಯಲ್ಲಿ ಸಾಗುತ್ತ ಘಾಟುಗಳನ್ನು, ಸ್ನಾನ ಮಾಡುವ ಜನರನ್ನು ತೋರಿಸುತ್ತದೆ. ಶೀರ್ಷಿಕೆಯಲ್ಲಿ ಇರುವುದು ಕಲ್ಕತ್ತೆ. ಚಿತ್ರದಲ್ಲಿ ಇರುವುದು ಕಾಶಿ! ಕಂಪನಿ ಲಂಡನ್ನಿನದು, ಯಾವ ಊರಾದರೇನು ಅಂತ ಬರೆದಿರಬೇಕು. ಘಾಟು ಗುರುತಿಸುವವರು ಇದ್ದದ್ದರಿಂದ ತಪ್ಪು ಗೊತ್ತಾಯಿತು. ಕಾಶಿಯನ್ನು ಗುರುತಿಸಲು ಕೋಟಿ ಜನ ಇದ್ದಾರೆ. ಕೊಂಡಜ್ಜಿ ಕೆರೆ ಏರಿಯನ್ನು, ಹರಿಹರದ ತುಂಗಭದ್ರಾ ದಂಡೆಯನ್ನು, ಮುಚ್ಚಿಹೋದ ಮಿಲ್ಲಿನ ಹಿಂಬಾಗಿಲನ್ನು ಗುರುತಿಸುವವರು ಎಷ್ಟು ಮಂದಿ, ಇನ್ನೆಷ್ಟು ವರ್ಷ ಇರುತ್ತಾರೆ? ಚಿತ್ರದ ಜೊತೆ ಊರು, ದಿನ, ಕೆಲಸದ ಹೆಸರು ಬರೆದಿಡುವ ಕೆಲಸ ಬೆಂಗಳೂರಿನ ಭಂಡಾರದಲ್ಲಿ ಆಗುವುದಿಲ್ಲ. ಇಲ್ಲೇ ಆಗಬೇಕು, ಗೊತ್ತಿರುವವರು ಬದುಕಿರುವಾಗಲೇ ಆಗಬೇಕು.

ಕ್ಯಾಮೆರಾ ಯಾರ ಕೈಯಲ್ಲಿದೆ ಅನ್ನುವುದೂ ಮುಖ್ಯ. ಹಳೆಯ ಮೂಕಿ ಚಿತ್ರಗಳೆಲ್ಲ ಅಪ್ಪಟ ಚಿನ್ನ ಅಂತ ನಾವು ಹೇಳುತ್ತಿಲ್ಲ. ಲುಮಿಯೇರ್ ಕಂಪನಿಯ ಗೇಬ್ರಿಯಲ್ ವೇರ್ ಎಂಬ ಕ್ಯಾಮೆರಾಮನ್ 1900ರ ಹೊತ್ತಿಗೆ ವಿಯೆಟ್ನಾಂನಲ್ಲಿ ತೆಗೆದ ಚಿತ್ರವೊಂದಿದೆ. ಬಿಳಿ ಉಡುಪಿನ ಫ್ರೆಂಚ್ ಹೆಂಗಸರು ನಗುತ್ತ ಕಾಸು ಎರಚುತ್ತಾರೆ, ಅಲ್ಲಿನ ಮಕ್ಕಳು ನೆಲಕ್ಕೆ ಬಿದ್ದು ಆಯುತ್ತಾರೆ. ನೋಡಿದರೆ ಹೊಟ್ಟೆ ಉರಿಯುತ್ತದೆ. ಆಮೇಲೆ ನಮ್ಮ ಫೋನಿಗೆ ದಿನಾ ಬರುವ ‘ಕಿಟ್ ವಿತರಣೆ’ ವಿಡಿಯೊ ನೆನಪಾಗುತ್ತದೆ. ಮಧ್ಯದಲ್ಲಿ ಶಾಲು ಹೊದ್ದ ದಾನಿ, ಅಂಚಿನಲ್ಲಿ ಕೈಚಾಚಿದ ಅಜ್ಜಿ, ಅಜ್ಜಿಯ ಮುಖ ಅರ್ಧ ಕಟ್. ನೂರಿಪ್ಪತ್ತೈದು ವರ್ಷ ಆದರೂ ಫ್ರೇಮು ಬದಲಾಗಿಲ್ಲ.

ಬದಲಾಗದೆ ಇರುವುದಕ್ಕೆ ನಮ್ಮ ಕಸುಬಿನ ಏರ್ಪಾಡೇ ಕಾರಣ. ನಾವು ಸ್ಟ್ರಿಂಗರ್‌ಗಳು, ಸ್ಟೋರಿಗೆ ಇಷ್ಟು ಅಂತ ಲೆಕ್ಕ. ಕೊಂಡಜ್ಜಿ ಕೆರೆ ತುಂಬಿದ್ದನ್ನು, ಏರಿ ಮೇಲೆ ದನ ಹೊಡೆದುಕೊಂಡು ಹೋಗುವವರನ್ನು, ಗದ್ದೆಯಲ್ಲಿ ಗುತ್ತಿಗೆ ನಾಟಿ ಹಚ್ಚುವ ಹೆಂಗಸರನ್ನು ತೆಗೆದು ಕಳಿಸಿದರೆ ಡೆಸ್ಕಿನಿಂದ ಬರುವುದು ಒಂದೇ ಪ್ರಶ್ನೆ: ‘ಇದರಲ್ಲಿ ನ್ಯೂಸ್ ಏನಿದೆ? ಬಾಗಿನ ಬಿಡೋಕೆ ಯಾರು ಬರ್ತಾರೆ, ಅವಾಗ ಕಳಿಸಿ.’ ಬಾಗಿನ ಬಿಟ್ಟ ಮಂತ್ರಿಯ ಬೈಟು ಪ್ರಸಾರವಾಗುತ್ತದೆ, ಕೆರೆ ಹಿನ್ನೆಲೆಯಲ್ಲಿ ಎರಡು ಸೆಕೆಂಡು. ಆ ಎರಡು ಸೆಕೆಂಡೂ ವಾಹಿನಿಯ ಸ್ವತ್ತು, ಊರಿಗೆ ಮರಳಿ ಬರುವುದಿಲ್ಲ. ಮುಂದೊಂದು ದಿನ ಈ ಕಾಲದ ವಿಡಿಯೊ ನೋಡಿದವರು ದಾವಣಗೆರೆ ಜಿಲ್ಲೆಯಲ್ಲಿ ಹಾರ ಹಾಕಿಸಿಕೊಳ್ಳುವವರು ಮತ್ತು ಲಾರಿಗೆ ಸಿಕ್ಕು ಸಾಯುವವರು ಬಿಟ್ಟರೆ ಬೇರೆ ಜನವೇ ಇರಲಿಲ್ಲ ಅಂದುಕೊಳ್ಳಬೇಕು, ಹಾಗಿದೆ ಸ್ಥಿತಿ.

‘ಈಗ ಎಲ್ಲರ ಕೈಯಲ್ಲೂ ಫೋನ್ ಇದೆ, ಎಲ್ಲ ರೆಕಾರ್ಡ್ ಆಗ್ತಿದೆ, ಚಿಂತೆ ಯಾಕೆ?’ ಇದು ನಮಗೆ ಸಿಗುವ ಜಾಣ ಉತ್ತರ. ರೆಕಾರ್ಡ್ ಆಗುವುದು ಬೇರೆ, ಉಳಿಯುವುದು ಬೇರೆ. 2020ರ ಜೂನ್ 29 ನೆನಪಿಸಿಕೊಳ್ಳಿ. ಕೇಂದ್ರ ಸರ್ಕಾರ 59 ಆ್ಯಪ್‌ಗಳನ್ನು ನಿಷೇಧಿಸಿತು, ಅದರಲ್ಲಿ ಟಿಕ್‌ಟಾಕ್ ಒಂದು. ನಿಷೇಧ ಸರಿಯೋ ತಪ್ಪೋ ಇಲ್ಲಿ ಚರ್ಚೆಯಲ್ಲ. ಅದಕ್ಕೆ ಮೊದಲು ಟ್ರ್ಯಾಕ್ಟರ್ ಮೇಲೆ, ಅಡಿಕೆ ತೋಟದಲ್ಲಿ, ಮಂಡಕ್ಕಿ ಭಟ್ಟಿ ಎದುರು, ಗಾರೆ ಕೆಲಸದ ನಡುವೆ ನಿಂತು ಹಳ್ಳಿ ಹುಡುಗ ಹುಡುಗಿಯರು ಒಂದು ನಿಮಿಷದೊಳಗಿನ ಎಷ್ಟೊಂದು ವಿಡಿಯೊ ಮಾಡಿದ್ದರು. ಉದ್ದದಲ್ಲಿ ಲುಮಿಯೇರ್ ಚಿತ್ರದಷ್ಟೇ. ಕ್ಯಾಮೆರಾ ಈ ಸಲ ಮಾಲೀಕನ ಕೈಯಲ್ಲಿರಲಿಲ್ಲ, ಕೂಲಿಯವರ ಕೈಯಲ್ಲೇ ಇತ್ತು. ಕರ್ನಾಟಕದ ಕೆಲಸಗಾರರು ತಮ್ಮನ್ನು ತಾವೇ ಇಷ್ಟು ದೊಡ್ಡ ಪ್ರಮಾಣದಲ್ಲಿ ಚಿತ್ರಿಸಿಕೊಂಡದ್ದು ಬಹುಶಃ ಅದೇ ಮೊದಲು. ಒಂದು ರಾತ್ರಿ ಕಳೆಯುವುದರೊಳಗೆ ಅದೆಲ್ಲ ನಮ್ಮ ಕಣ್ಣಿಂದ ಮರೆಯಾಯಿತು. ಬೇರೆ ಕಂಪನಿಗಳ ಸರ್ವರ್ ಮೇಲೆ ಇರುವುದಕ್ಕೂ ಇದೇ ಗ್ಯಾರಂಟಿ. ವಾಟ್ಸ್‌ಆ್ಯಪ್‌ನಲ್ಲಿ ಬಂದದ್ದಂತೂ ಫೋನ್ ಬದಲಾದ ದಿನವೇ ಮುಗಿಯಿತು.

ಅದಕ್ಕೂ ಹಿಂದಿನದು ಇನ್ನೂ ಬೇಗ ಹೋಗುತ್ತಿದೆ. 1980ರ ದಶಕದಿಂದ ಈಚೆಗೆ ಈ ಜಿಲ್ಲೆಯ ಬದುಕನ್ನು ನಿಜವಾಗಿ ಚಿತ್ರಿಸಿದವರು ಮದುವೆ ವಿಡಿಯೊದವರು. ತಾಳಿ ಕಟ್ಟುವ ಐದು ನಿಮಿಷ ಬಿಟ್ಟರೆ ಉಳಿದ ಮೂರು ಗಂಟೆ ಏನಿರುತ್ತದೆ? ಚಪ್ಪರ ಹಾಕುವವರು, ಹಂಡೆ ತೊಳೆಯುವವರು, ಪಂಕ್ತಿಯಲ್ಲಿ ಕೂತವರು, ಟ್ರ್ಯಾಕ್ಟರ್‌ನಲ್ಲಿ ಬಂದ ಬೀಗರು, ಹಿಂದೆ ಕಾಣುವ ಹೆಂಚಿನ ಮನೆ, ಇವತ್ತು ಇಲ್ಲದ ಬೇವಿನ ಮರ. ಆ ವಿಎಚ್‌ಎಸ್ ಕ್ಯಾಸೆಟ್ಟುಗಳು ಅಟ್ಟದ ಮೇಲೆ ಬೂಷ್ಟು ಹಿಡಿಯುತ್ತಿವೆ. ವಿಸಿಆರ್ ತಯಾರಿಸುತ್ತಿದ್ದ ಕೊನೆಯ ದೊಡ್ಡ ಕಂಪನಿಯಾದ ಜಪಾನಿನ ಫುನಾಯ್ 2016ರಲ್ಲೇ ತಯಾರಿಕೆ ನಿಲ್ಲಿಸಿತು. ಕ್ಯಾಸೆಟ್ ಇದ್ದರೂ ಓಡಿಸುವ ಯಂತ್ರ ಸಿಗದ ಕಾಲ ಬಂದಾಗಿದೆ. ಕೇಬಲ್ ಟಿವಿಯವರ ಗಣೇಶ ಮೆರವಣಿಗೆಯ ಟೇಪು, ಕೊಂಡಜ್ಜಿಯ ಸ್ಕೌಟ್ಸ್ ಕೇಂದ್ರಕ್ಕೆ ರಾಜ್ಯದ ಮೂಲೆಮೂಲೆಯಿಂದ ಬಂದ ಮಕ್ಕಳ ಶಿಬಿರಗಳನ್ನು ಯಾರಾದರೂ ತೆಗೆದಿದ್ದರೆ ಅದು, ಎಲ್ಲದರ ಗತಿ ಒಂದೇ.

‘ಕುಡಿಯುವ ನೀರಿಗೆ ದುಡ್ಡಿಲ್ಲ, ನಿಮಗೆ ಕ್ಯಾಸೆಟ್ ಚಿಂತೆ’ ಅಂತಲೂ ಕೇಳಬಹುದು. ಕೇಳುವವರು ಚಿತ್ರನಗರಿಯ 150 ಎಕರೆಗೂ ಇದೇ ಪ್ರಶ್ನೆ ಕೇಳಲಿ, ಆಮೇಲೆ ನಮ್ಮ ಹತ್ತಿರ ಬರಲಿ. ನಾವು ಕೇಳುತ್ತಿರುವುದು ಹೊಸ ಕಟ್ಟಡವಲ್ಲ. ಇಟ್ಟಿರುವ 3 ಕೋಟಿಯಲ್ಲೇ ಪಾಲು.

ಒಂದು: ಆ ಭಂಡಾರದ ನಿಯಮದಲ್ಲಿ ‘ಚಲನಚಿತ್ರ’ದ ಅರ್ಥ ಹಿಗ್ಗಲಿ. ಮದುವೆ, ಜಾತ್ರೆ, ಕಾರ್ಖಾನೆ, ಶಾಲೆ, ಕೇಬಲ್ ಟಿವಿ, ಹವ್ಯಾಸಿಗಳು ತೆಗೆದ ಚಿತ್ರಗಳಿಗೂ ಅಲ್ಲಿ ಜಾಗ ಇದೆ ಅಂತ ಬರೆಯಲಿ. ಸೆನ್ಸಾರ್ ಸರ್ಟಿಫಿಕೇಟ್ ಕೇಳದಿರಲಿ.

ಎರಡು: ಜಿಲ್ಲೆಗೊಂದು ಕೋಣೆ. ಓಡುವ ಒಂದು ವಿಸಿಆರ್, ಒಂದು ಮಿನಿ ಡಿವಿ ಪ್ಲೇಯರ್, ಒಂದು ಕಂಪ್ಯೂಟರ್, ಎರಡು ಕಡೆ ಇಡುವಷ್ಟು ಹಾರ್ಡ್ ಡಿಸ್ಕ್. ದಾವಣಗೆರೆಯಲ್ಲಿ ವಿಶ್ವವಿದ್ಯಾಲಯ ಇದೆ, 1964ರಿಂದ ಇರುವ ದೃಶ್ಯಕಲಾ ಮಹಾವಿದ್ಯಾಲಯ ಇದೆ. ಅಲ್ಲಿನ ವಿದ್ಯಾರ್ಥಿಗಳಿಗೆ ಇದಕ್ಕಿಂತ ಒಳ್ಳೆಯ ಪ್ರಾಜೆಕ್ಟ್ ಯಾವುದಿದೆ? ಜನ ಕ್ಯಾಸೆಟ್ ತರಲಿ, ಅಲ್ಲೇ ಪ್ರತಿ ಮಾಡಿ ಮೂಲವನ್ನು ಅವರಿಗೇ ಕೊಟ್ಟು ಕಳಿಸಲಿ.

ಮೂರು: ಪ್ರತಿ ಚಿತ್ರಕ್ಕೂ ಒಂದು ಚೀಟಿ. ಯಾವ ಊರು, ಯಾವ ವರ್ಷ, ಯಾವ ಕೆಲಸ, ತೆಗೆದವರು ಯಾರು. ಮನೆಯೊಳಗಿನ ಚಿತ್ರವಾದರೆ ಎಲ್ಲರಿಗೂ ತೋರಿಸಲು ಆ ಮನೆಯವರ ಒಪ್ಪಿಗೆ ಇದೆಯೋ ಇಲ್ಲವೋ. ಇಲ್ಲ ಅಂದರೆ ಇಟ್ಟುಕೊಂಡಿರಲಿ, ತೋರಿಸುವುದು ಬೇಡ.

ನಾಲ್ಕು: ಇವತ್ತಿನದನ್ನು ಇವತ್ತೇ ತೆಗೆಯುವುದು. ಇದಕ್ಕೆ ಸರ್ಕಾರದ ಅಪ್ಪಣೆ ಬೇಕಿಲ್ಲ. ಜಿಲ್ಲೆಯ ಸ್ಟ್ರಿಂಗರ್ ಗೆಳೆಯರು ಒಬ್ಬೊಬ್ಬರು ಒಂದು ಊರು ಹಿಡಿಯೋಣ. ತಿಂಗಳಿಗೆ ಒಂದು ಚಿತ್ರ, ಒಂದೇ ನಿಮಿಷ. ಕ್ಯಾಮೆರಾ ಅಲ್ಲಾಡಬಾರದು, ಮ್ಯೂಸಿಕ್ ಬೇಡ, ಆ್ಯಂಕರ್ ಬೇಡ, ಬೈಟ್ ಬೇಡ. ಬೆಳಿಗ್ಗೆ ಡೇರಿ ಮುಂದೆ ಹಾಲಿನ ಕ್ಯಾನು ಹಿಡಿದ ಸಾಲು. ಭತ್ತ ಕೊಯ್ಯುವ ಯಂತ್ರ, ಅದರ ಹಿಂದೆ ತೆನೆ ಆಯುವವರು. ಹರಿಹರ ಬಸ್ ಸ್ಟ್ಯಾಂಡಿನ ಆರು ಗಂಟೆ. ಮಂಡಕ್ಕಿ ಭಟ್ಟಿಯ ಹೊಗೆಯೊಳಗೆ ನಿಂತವರು. ಗಾರ್ಮೆಂಟ್ ವ್ಯಾನಿನಿಂದ ಇಳಿಯುವ ಹುಡುಗಿಯರು. ಕೇಳಿ ತೆಗೆಯೋಣ, ಹೆಸರು ಬರೆದುಕೊಳ್ಳೋಣ. ವರ್ಷಕ್ಕೊಮ್ಮೆ ಶಾಲೆಯ ಗೋಡೆಗೆ ಬಿಳಿ ಪಂಚೆ ಕಟ್ಟಿ, ಊರಿನವರನ್ನೇ ಕೂರಿಸಿ ತೋರಿಸೋಣ. ಮಿಚೆಲ್ ಮತ್ತು ಕೆನ್ಯನ್ ಟಿಕೆಟ್ ಇಟ್ಟು ಮಾಡಿದ್ದನ್ನು ನಾವು ಪುಕ್ಕಟೆ ಮಾಡಬಹುದು.

ಕೊಂಡಜ್ಜಿಯಿಂದ ನಾವು ಹೊರಡುತ್ತೇವೆ. ನಿಮ್ಮ ಅಟ್ಟದ ಮೇಲೆ ಕ್ಯಾಸೆಟ್ ಇದ್ದರೆ, ನಿಮ್ಮಪ್ಪ ಕಿರ್ಲೋಸ್ಕರ್‌ಗೋ ಮಿಲ್ಲಿಗೋ ಹೋಗುತ್ತಿದ್ದವರಾದರೆ, ದಯವಿಟ್ಟು ಗುಜರಿಗೆ ಹಾಕಬೇಡಿ. ಬಿಸಿಲು, ತೇವ ತಾಗದ ಕಡೆ ನಿಲ್ಲಿಸಿಡಿ, ಮೇಲೊಂದು ಚೀಟಿಯಲ್ಲಿ ಊರು, ಇಸವಿ ಬರೆಯಿರಿ. ಭಂಡಾರದ ಬಾಗಿಲು ತೆರೆಯುವವರೆಗೆ ನಿಮ್ಮ ಅಟ್ಟವೇ ಈ ಜಿಲ್ಲೆಯ ಭಂಡಾರ.